ವಿದ್ಯುಚ್ಚೋರನ ಕಥೆಯಲ್ಲಿ ದಂಡವೂ ಅಭಯವೂ

ಸೆರೆಮನೆಯ ಸುಧಾರಣೆಗೆ ಧರ್ಮಗ್ರಂಥಗಳ ಸಮ್ಮತಿಯನ್ನು ಹುಡುಕುವವರು, ಚಿಕ್ಕನಾಯಕನಹಳ್ಳಿಯಲ್ಲಿ ಜನಿಸಿದ ಡಿ. ಎಲ್. ನರಸಿಂಹಾಚಾರ್ಯರು ೧೯೪೯ರಲ್ಲಿ ಸಂಪಾದಿಸಿದ ವಡ್ಡಾರಾಧನೆಯ ವಿದ್ಯುಚ್ಚೋರನ ಕಥೆಯನ್ನು ನೋಡತಕ್ಕದ್ದು. ತಳಾರನಾದ ಯಮದಂಡನು ಮೂವತ್ತೆರಡು ಬಗೆಯಾಗಿ ದಂಡಿಸಿದರೂ ಕಳ್ಳನು ಒಪ್ಪಿಕೊಳ್ಳಲಿಲ್ಲ. ನರಕದ ನೋವನ್ನು ನೆನೆದು ಎಲ್ಲವನ್ನೂ ಸಹಿಸಿದನು. ಅರಸನು ಅಭಯವಿತ್ತ ಮೇಲೆಯೇ ನಿಜವು ಹೊರಬಿದ್ದಿತು. ಆಗಲೂ ಅವನು ಬೇಡಿದುದು, ತನ್ನ ದೆಸೆಯಿಂದ ಸಂಕಟಕ್ಕೆ ಸಿಲುಕಿದ ಬಾಲ್ಯಮಿತ್ರ ಯಮದಂಡನ ರಕ್ಷಣೆಯನ್ನು. ಇಡೀ ಕಥೆಯ ಜೀವವು ಇಲ್ಲಿದೆ. ಕಳ್ಳನ ಚಾತುರ್ಯವನ್ನೇ ಹೊಗಳುವ ಪಾಠಕ್ರಮವು ಇದನ್ನು ಮರೆಸುತ್ತದೆ. ಆದರೆ ಸೊತ್ತನ್ನು ಕಳೆದುಕೊಂಡ ಪುರಜನರ ಅಳಲಿಗೆ ಕಥೆಗಾರನು ಪ್ರಾಧಾನ್ಯವಿತ್ತಿಲ್ಲವೆಂಬುದು ನಮ್ಮ ಆಕ್ಷೇಪ. ಯಾಜ್ಞವಲ್ಕ್ಯನಾದರೋ ಕದ್ದುದನ್ನು ಮೊದಲು ಕೊಡಿಸಿ, ಬಳಿಕ ಕಳ್ಳನನ್ನು ವಧೆಗೆ ಗುರಿಮಾಡೆಂದನು (ಬ್ರಾಹ್ಮಣನಾದರೆ ಗುರುತೊತ್ತಿ ಗಡೀಪಾರು!). ಸ್ಮೃತಿಯಲ್ಲಿ ಒಡೆಯನ ನೆನಪುಂಟು, ಕಳ್ಳನ ನಾಳೆಯಿಲ್ಲ; ಕಥೆಯಲ್ಲಿ ಕಳ್ಳನು ಮುನಿಯಾದನು, ದೋಚಿಸಿಕೊಂಡವರ ಹೆಸರೂ ಉಳಿಯಲಿಲ್ಲ.