ಪೋಷಕ ಪಾತ್ರದ ಪ್ರೌಢಿಮೆ: ಡಾನ್ ವಾರಿಂಗ್ಟನ್ ಅವರ ಅಭಿನಯ

ನಟನ ಕಲೆಯನ್ನು ಕುರಿತು ಬರೆಯುವವರು ಬಹುಮಟ್ಟಿಗೆ ನಾಯಕ ಪಾತ್ರಗಳನ್ನೇ ಆಧಾರವಾಗಿಟ್ಟುಕೊಳ್ಳುತ್ತಾರೆ. ಪೋಷಕ ಪಾತ್ರವನ್ನು ವಹಿಸುವವನ ಸಾಮರ್ಥ್ಯವೇನು, ಅವನಿಗೆ ಒದಗುವ ಮಿತಿಗಳಾವುವು ಎಂಬ ಪ್ರಶ್ನೆ ಅಷ್ಟಾಗಿ ಚರ್ಚೆಗೆ ಬಂದಿಲ್ಲ. ಬ್ರಿಟಿಷ್ ಟೆಲಿವಿಷನ್ನಿನಲ್ಲಿ ಸುಮಾರು ಅರ್ಧ ಶತಮಾನ ಇಂತಹ ಪಾತ್ರಗಳನ್ನೇ ಹೆಚ್ಚಾಗಿ ವಹಿಸಿದ ಡಾನ್ ವಾರಿಂಗ್ಟನ್ ಅವರ ವೃತ್ತಿಜೀವನ ಈ ಪರಿಶೀಲನೆಗೆ ತಕ್ಕ ಉದಾಹರಣೆಯಾಗಿದೆ. 1951ರಲ್ಲಿ ಕೆರಿಬಿಯನ್ ಸಮುದ್ರದ ಟ್ರಿನಿಡಾಡ್ ದ್ವೀಪದಲ್ಲಿ ಜನಿಸಿ, ಇಂಗ್ಲೆಂಡಿನ ನ್ಯೂಕಾಸಲ್ ನಗರದಲ್ಲಿ ಬೆಳೆದ ಇವರು ಲಂಡನ್ನಿನ ಡ್ರಾಮಾ ಸೆಂಟರಿನಲ್ಲಿ ನಟನೆಯ ಶಿಕ್ಷಣ ಪಡೆದರು.

ಇವರಿಗೆ ಹೆಸರು ತಂದದ್ದು 1974ರಿಂದ 1978ರವರೆಗೆ ಪ್ರಸಾರವಾದ 'ರೈಸಿಂಗ್ ಡ್ಯಾಂಪ್' ಎಂಬ ಹಾಸ್ಯ ಧಾರಾವಾಹಿ. ಎರಿಕ್ ಚಾಪೆಲ್ ತಮ್ಮ 'ದಿ ಬನಾನಾ ಬಾಕ್ಸ್' ಎಂಬ ರಂಗನಾಟಕವನ್ನೇ ಬೆಳೆಸಿ ಇದನ್ನು ಬರೆದರು. ವಾರಿಂಗ್ಟನ್ ಆ ನಾಟಕದಲ್ಲಿಯೂ ಇದೇ ಪಾತ್ರವನ್ನು ವಹಿಸಿದ್ದರು. ಗೋಡೆಗಳಿಗೆ ತೇವವೇರಿದ ಒಂದು ಹಳೆಯ ಮನೆ. ಅದರ ಒಡೆಯ ರಿಗ್ಸ್‌ಬಿ ಜಿಪುಣ, ಕುತೂಹಲಿ, ಕರಿಯರ ವಿಷಯದಲ್ಲಿ ಪೂರ್ವಗ್ರಹವುಳ್ಳವನು. ಬಾಡಿಗೆಗಿರುವ ಫಿಲಿಪ್ ತಾನು ಆಫ್ರಿಕದ ಒಬ್ಬ ಮುಖಂಡನ ಮಗನೆಂದು ಹೇಳಿಕೊಳ್ಳುತ್ತಾನೆ. ಲೆನರ್ಡ್ ರಾಸಿಟರ್ ರಿಗ್ಸ್‌ಬಿಯಾಗಿಯೂ ವಾರಿಂಗ್ಟನ್ ಫಿಲಿಪ್ ಆಗಿಯೂ ಅಭಿನಯಿಸಿದರು.

ನಮ್ಮ ಅಲಂಕಾರಶಾಸ್ತ್ರದ ಪರಿಭಾಷೆಯಲ್ಲಿ ಹೇಳುವುದಾದರೆ, ಇಲ್ಲಿ ಹಾಸ್ಯರಸಕ್ಕೆ ಆಲಂಬನ ವಿಭಾವ ರಿಗ್ಸ್‌ಬಿ. ಫಿಲಿಪ್ಪನ ಶಾಂತ ನಡವಳಿಕೆ ಉದ್ದೀಪನ ವಿಭಾವ. ರಾಸಿಟರ್ ಅವರ ಅಭಿನಯವೆಲ್ಲ ಚಡಪಡಿಕೆ; ಮೈ ಮುಂದಕ್ಕೆ ಬಾಗುತ್ತದೆ, ಮಾತು ಮಾತನ್ನು ತಳ್ಳಿಕೊಂಡು ಬರುತ್ತದೆ. ಎದುರಿಗೆ ವಾರಿಂಗ್ಟನ್ ನೆಟ್ಟಗೆ ನಿಂತು, ತಗ್ಗಿದ ಸ್ವರದಲ್ಲಿ, ಶುದ್ಧ ಉಚ್ಚಾರಣೆಯಿಂದ, ಅವಸರವಿಲ್ಲದೆ ಉತ್ತರಿಸುತ್ತಾರೆ. ಈ ನಿಶ್ಚಲತೆಯಿಲ್ಲದಿದ್ದರೆ ಒಡೆಯನ ಅಲ್ಪತನವನ್ನು ಅಳೆಯಲು ಪ್ರೇಕ್ಷಕನಿಗೆ ಮಾನದಂಡವೇ ಇರುತ್ತಿರಲಿಲ್ಲ.

ಇದೇ ದಶಕದ 'ಲವ್ ದೈ ನೇಬರ್' ಎಂಬ ಧಾರಾವಾಹಿಯೊಡನೆ (1972–76) ಹೋಲಿಸಿದರೆ ಈ ಮಾತು ಸ್ಪಷ್ಟವಾಗುತ್ತದೆ. ಅಲ್ಲಿ ಟ್ರಿನಿಡಾಡಿನವರೇ ಆದ ರುಡಾಲ್ಫ್ ವಾಕರ್ ವಹಿಸಿದ ಪಾತ್ರ ಬಿಳಿಯ ನೆರೆಯವನ ಬೈಗುಳಕ್ಕೆ ಬೈಗುಳವನ್ನೇ ಹಿಂತಿರುಗಿಸುತ್ತದೆ. ನಗೆ ಜಗಳದಿಂದಲೇ ಹುಟ್ಟುತ್ತದೆ. ಫಿಲಿಪ್ ಜಗಳಕ್ಕೆ ಇಳಿಯುವುದಿಲ್ಲ. ಒಡೆಯನ ಅಜ್ಞಾನವನ್ನು ತನ್ನ ವಿನೋದಕ್ಕೆ ಬಳಸಿಕೊಳ್ಳುತ್ತಾನೆ. ಪ್ರೇಮವನ್ನು ಕೆರಳಿಸುವ ತನ್ನ ಕುಲದ ವಶೀಕರಣದ ಕಟ್ಟಿಗೆಯೆಂದು ಹೇಳಿ ಅವನು ಒಂದು ಮರದ ತುಂಡನ್ನು ಕೊಟ್ಟಾಗ ರಿಗ್ಸ್‌ಬಿ ಭಕ್ತಿಯಿಂದ ಸ್ವೀಕರಿಸುತ್ತಾನೆ. ಅದು ಬಟ್ಟೆಯ ಕಪಾಟಿನಿಂದ ಕಿತ್ತ ತುಂಡು! 1980ರ ಚಲನಚಿತ್ರರೂಪದಲ್ಲಿ, ಫಿಲಿಪ್ ಲಂಡನ್ನಿನ ಬಳಿಯ ಕ್ರಾಯ್ಡನ್ನಿನವನೆಂದೂ ರಾಜಕುಮಾರತ್ವವೆಲ್ಲ ಕಲ್ಪಿತವೆಂದೂ ತಿಳಿದುಬರುತ್ತದೆ.

ಘನವಂತನಾದ ಪರದೇಶಿ ಎಂಬುದೂ ಒಂದು ಸಿದ್ಧ ಅಚ್ಚಲ್ಲವೆ, ಹೀನಾಯದ ಚಿತ್ರವನ್ನು ತಲೆಕೆಳಗು ಮಾಡಿದುದಷ್ಟೆ ಅಲ್ಲವೆ ಎಂದು ಆಕ್ಷೇಪಿಸಬಹುದು. ಬರೆಹದ ಮಟ್ಟದಲ್ಲಿ ಈ ಆಕ್ಷೇಪ ಸ್ವಲ್ಪಮಟ್ಟಿಗೆ ಸರಿ. ಆದರೆ ಅಭಿನಯದಲ್ಲಿ ಗಾಂಭೀರ್ಯದ ಕೆಳಗೆ ಒಂದು ಚೇಷ್ಟೆ ಸದಾ ಸುಳಿದಾಡುತ್ತದೆ. ಆತ ಘನತೆಯನ್ನು ವೇಷದಂತೆ ಧರಿಸಿದ್ದಾನೆಂಬುದನ್ನು ನಟ ಮರೆಯಗೊಡುವುದಿಲ್ಲ.

ಖೇದದ ಸಂಗತಿಯೆಂದರೆ, ಮುಂದಿನ ವರ್ಷಗಳಲ್ಲಿ ಟೆಲಿವಿಷನ್ ಇವರಿಂದ ಹೆಚ್ಚಾಗಿ ಬಯಸಿದುದು ಗಾಂಭೀರ್ಯವನ್ನೇ. 2006ರಲ್ಲಿ 'ಡಾಕ್ಟರ್ ಹೂ' ಮಾಲಿಕೆಯಲ್ಲಿ ಕಲ್ಪಿತ ಬ್ರಿಟನ್ನಿನ ಅಧ್ಯಕ್ಷ; ಅದೇ ವರ್ಷ ಆರಂಭವಾದ 'ನ್ಯೂ ಸ್ಟ್ರೀಟ್ ಲಾ'ದಲ್ಲಿ ನ್ಯಾಯಾಧೀಶ; 2011ರಲ್ಲಿ ಆರಂಭವಾದ 'ಡೆತ್ ಇನ್ ಪ್ಯಾರಡೈಸ್'ನಲ್ಲಿ ಪೊಲೀಸ್ ಕಮಿಷನರ್ ಸೆಲ್ವಿನ್ ಪ್ಯಾಟರ್ಸನ್. ಈ ಕೊನೆಯದರಲ್ಲಿ ಕಥೆ ನಡೆಯುವುದು ಕಲ್ಪಿತ ಕೆರಿಬಿಯನ್ ದ್ವೀಪವೊಂದರಲ್ಲಿ; ಚಿತ್ರೀಕರಣವಾದುದು ಗ್ವಾಡಲೂಪಿನಲ್ಲಿ. ಪತ್ತೇದಾರ ನಾಯಕರು ಹೊರಗಿನಿಂದ ಒಬ್ಬೊಬ್ಬರಾಗಿ ಬಂದರು, ಹೋದರು. ಮೊದಲ ನಾಲ್ವರೂ ಬಿಳಿಯರೇ. ಕಮಿಷನರ್ ಮಾತ್ರ ಮೊದಲ ವರ್ಷದಿಂದಲೂ ಉಳಿದರು. ಹುಬ್ಬೇರಿಸುವ ಒಂದು ಕ್ಷಣದಲ್ಲಿ, ಅಧಿಕಾರಿಯ ಕೊಂಕುನುಡಿಯಲ್ಲಿ, ಹಳೆಯ ಫಿಲಿಪ್ಪನ ಚೇಷ್ಟೆ ಅಲ್ಲಲ್ಲಿ ಇಣುಕುತ್ತದೆಂಬುದು ನಿಜ. ಆದರೂ ಪಾತ್ರಕ್ಕೆ ಪದವಿ ದೊರೆತಷ್ಟು ಸುಲಭವಾಗಿ ಅಂತರಂಗ ದೊರೆಯಲಿಲ್ಲವೆನ್ನಬೇಕಾಗುತ್ತದೆ.

ಅಂತರಂಗವನ್ನು ತೆರೆದುದು ರಂಗಭೂಮಿ. ಮ್ಯಾಂಚೆಸ್ಟರಿನ ರಾಯಲ್ ಎಕ್ಸ್‌ಚೇಂಜ್ ರಂಗಮಂದಿರದಲ್ಲಿ ಇವರು 2013ರಲ್ಲಿ ಆರ್ಥರ್ ಮಿಲ್ಲರನ ಜೋ ಕೆಲ್ಲರ್ ಆಗಿ, 2016ರಲ್ಲಿ ಮೈಕೇಲ್ ಬಫಾಂಗ್ ಅವರ ನಿರ್ದೇಶನದಲ್ಲಿ ಲಿಯರ್ ರಾಜನಾಗಿ, 2018ರಲ್ಲಿ ವಿಲ್ಲಿ ಲೋಮನ್ ಆಗಿ ಅಭಿನಯಿಸಿದರು. ಮೂರೂ ಘನತೆ ಕುಸಿದು ಬೀಳುವ ಪಾತ್ರಗಳೆಂಬುದು ಗಮನಾರ್ಹ. ಟೆಲಿವಿಷನ್ ಯಾವ ಗಾಂಭೀರ್ಯವನ್ನು ಸಿದ್ಧ ಸರಕಾಗಿ ಬಳಸಿತೋ ಅದನ್ನೇ ಇಲ್ಲಿ ಒಡೆದು ನೋಡಲು ಅವಕಾಶವಾಯಿತು. ಆ ವೇಳೆಗೆ ನಟರಿಗೆ ಅರುವತ್ತು ದಾಟಿತ್ತು.

ಪೋಷಕ ಪಾತ್ರ ಕೀಳೆಂಬ ತೀರ್ಮಾನ ಇದರಿಂದ ಹೊರಡುವುದಿಲ್ಲ. ಫಿಲಿಪ್ಪನೇ ಅದಕ್ಕೆ ಉತ್ತರ. ಆದರೆ ಒಬ್ಬ ನಟನ ಪಾತ್ರಗಳ ಪಟ್ಟಿಯನ್ನು ಓದುವ ವಿದ್ಯಾರ್ಥಿ ಅವನು ಏನನ್ನು ಮಾಡಿದನೆಂಬುದರೊಡನೆ ಅವನಿಂದ ಏನನ್ನು ಕೇಳಲಿಲ್ಲವೆಂಬುದನ್ನೂ ವಿಚಾರಿಸಬೇಕು.