ಸಾಕ್ಷಿಯ ಮಾತು, ಹಂತಕರ ಚಿತ್ರ

ನಾಜಿ ಜರ್ಮನಿ ಸುಮಾರು 60 ಲಕ್ಷ ಯಹೂದ್ಯರನ್ನು ಕೊಂದ ನರಮೇಧವನ್ನು, ಅಂದರೆ ಹೋಲೊಕಾಸ್ಟನ್ನು, ಸಾಕ್ಷ್ಯಚಿತ್ರ ಹೇಗೆ ನೆನೆಯಬೇಕೆಂಬ ಚರ್ಚೆ ಇಂದಿಗೂ ಬಹುಮಟ್ಟಿಗೆ ಫ್ರೆಂಚ್ ನಿರ್ದೇಶಕ ಕ್ಲೋದ್ ಲಾಂಝ್‌ಮನ್ 1985ರಲ್ಲಿ ಎಳೆದ ಗೆರೆಯ ಸುತ್ತಲೇ ನಡೆಯುತ್ತಿದೆ. ಅದಕ್ಕೆ ಮೂರು ದಶಕ ಮೊದಲು ಆಲನ್ ರೆನೆ ‘ನೈಟ್ ಅಂಡ್ ಫಾಗ್’ ಚಿತ್ರದಲ್ಲಿ ನಿರ್ಜನ ಶಿಬಿರಗಳ ಬಣ್ಣದ ದೃಶ್ಯಗಳನ್ನೂ ಕಪ್ಪುಬಿಳುಪಿನ ಹಳೆಯ ದಾಖಲೆಗಳನ್ನೂ ಹೆಣೆದಿದ್ದರು. ಆದರೆ ಅದರ ನಿರೂಪಣೆಯಲ್ಲಿ ಸತ್ತವರು ಯಹೂದ್ಯರೆಂಬ ಮಾತು ಬಹುತೇಕ ಬರುವುದೇ ಇಲ್ಲ. ಲಾಂಝ್‌ಮನ್ ಒಂಬತ್ತೂವರೆ ಗಂಟೆಗಳ ‘ಶೋವಾ’ದಲ್ಲಿ ಹಳೆಯ ಚಿತ್ರಸುರುಳಿಗಳನ್ನು ಪೂರ್ತಿ ಕೈಬಿಟ್ಟರು. ಬದುಕುಳಿದವರು, ಕಂಡವರು ಮತ್ತು ಕೊಂದವರು ಮಾತಾಡುತ್ತಾರೆ. ಕ್ಯಾಮೆರಾ ನಾಜಿಗಳ ಸಾವಿನ ಶಿಬಿರಗಳಿದ್ದ ಟ್ರೆಬ್ಲಿಂಕಾದ ಹಳಿಗಳ ಮೇಲೂ ಖೆಲ್ಮ್ನೊದ ಕಾಡಂಚಿನಲ್ಲೂ ನಿಧಾನವಾಗಿ ಸಾಗುತ್ತದೆ. ವಿಷಾನಿಲದ ಕೋಣೆಯೊಳಗಿನ ಸಾವನ್ನು ಯಾರೂ ಚಿತ್ರಿಸಿಲ್ಲವಾದ್ದರಿಂದ ಬೇರಾವುದೋ ಚಿತ್ರವನ್ನು ಅದರ ಜಾಗದಲ್ಲಿ ತೋರಿಸುವುದು ಸುಳ್ಳಾಗುತ್ತದೆ ಎಂಬುದು ಅವರ ನಿಲುವು.

ಈ ನಿಲುವಿನ ನೈತಿಕ ಬಲ ದೊಡ್ಡದು, ಆದರೆ ಮುಂದೆ ಅದು ಶಾಸನದಂತೆ ಪಾಲಿಸಲ್ಪಟ್ಟಾಗ ಒಂದು ಸಂಗತಿ ಮರೆಗೆ ಸರಿಯಿತು: ‘ಶೋವಾ’ದ ಸಾಕ್ಷ್ಯವೂ ಕಟ್ಟಿದ್ದೇ. ಟ್ರೆಬ್ಲಿಂಕಾದಲ್ಲಿ ಸಾವಿಗೆ ಮುಂಚೆ ಹೆಂಗಸರ ಕೂದಲು ಕತ್ತರಿಸಬೇಕಾಗಿದ್ದ ಅಬ್ರಹಾಂ ಬೊಂಬಾ ಚಿತ್ರೀಕರಣದ ವೇಳೆಗೆ ಕ್ಷೌರದ ಕೆಲಸ ಬಿಟ್ಟಿದ್ದರು. ಇಸ್ರೇಲಿನಲ್ಲಿ ಕ್ಷೌರದಂಗಡಿಯೊಂದನ್ನು ಬಾಡಿಗೆಗೆ ಹಿಡಿದು, ಕೈಗೆ ಕತ್ತರಿ ಕೊಟ್ಟು ಮಾತಾಡಿಸಿದವರು ಲಾಂಝ್‌ಮನ್. ಜೊತೆಯ ಕ್ಷೌರಿಕನೊಬ್ಬನ ಎದುರಿಗೆ ಅವನ ಹೆಂಡತಿ ಮತ್ತು ತಂಗಿ ಬಂದು ನಿಂತ ಪ್ರಸಂಗಕ್ಕೆ ಬಂದಾಗ ಬೊಂಬಾ ಗಂಟಲು ಕಟ್ಟಿ ನಿಲ್ಲುತ್ತಾರೆ, ಬೇಡವೆನ್ನುತ್ತಾರೆ. ಲಾಂಝ್‌ಮನ್ ಬಿಡುವುದಿಲ್ಲ, ಕ್ಯಾಮೆರಾವೂ ಕದಲುವುದಿಲ್ಲ. ಆಘಾತದ ನೆನಪು ಮೈಯ ಚಲನೆಯಲ್ಲಿ ಅಡಗಿರುತ್ತದೆಂಬ ಒಳನೋಟ ಈ ದೃಶ್ಯದ ಸಾಧನೆಯಾದರೆ, ಆ ನೆನಪನ್ನು ಹೊರಗೆಳೆಯಲು ಸಾಕ್ಷಿಯನ್ನು ಎಷ್ಟು ನೋಯಿಸಬಹುದೆಂಬ ಪ್ರಶ್ನೆ ಅದರ ಋಣ. ಹೆಸರು ಹೇಳುವುದಿಲ್ಲವೆಂದು ಮಾತು ಕೊಟ್ಟು, ನಾಜಿಗಳ ಎಸ್‌ಎಸ್ ಪಡೆಯ ಮಾಜಿ ಕಾವಲುಗಾರ ಫ್ರಾಂಜ್ ಸುಖೊಮೆಲ್‌ನನ್ನು ಗುಪ್ತ ಕ್ಯಾಮೆರಾದಲ್ಲಿ ಸೆರೆಹಿಡಿದ ಮೋಸ ಅಷ್ಟಾಗಿ ಕಾಡುವುದಿಲ್ಲ.

ಹಳೆಯ ಚಿತ್ರಗಳು ಹಂತಕರ ಕಣ್ಣಿನವೆಂಬ ಆಕ್ಷೇಪಕ್ಕೆ ಹೆಚ್ಚು ಫಲವತ್ತಾದ ಉತ್ತರ ಬಂದದ್ದು ಜರ್ಮನ್ ನಿರ್ದೇಶಕ ಹರೂನ್ ಫರೋಕಿಯವರಿಂದ. ಅವರ ‘ರೆಸ್ಪೈಟ್’ (2007) ನೆದರ್‌ಲೆಂಡ್ಸಿನ ವೆಸ್ಟರ್‌ಬೋರ್ಕ್ ಶಿಬಿರದಲ್ಲಿ ಅಧಿಕಾರಿಯ ಆಜ್ಞೆಯಂತೆ ಕೈದಿ ರುಡಾಲ್ಫ್ ಬ್ರೆಸ್ಲೌವರ್ 1944ರಲ್ಲಿ ತೆಗೆದ ಸುರುಳಿಯನ್ನು ಧ್ವನಿಯಿಲ್ಲದೆ, ನಡುನಡುವೆ ಬರಹದ ಫಲಕಗಳನ್ನಿಟ್ಟು ಓದುತ್ತದೆ. ರೈಲು ಹತ್ತುವವರ ನಡುವೆ ಒಂದು ಪೆಟ್ಟಿಗೆಯ ಮೇಲೆ ಹೆಸರು, ಹುಟ್ಟಿದ ದಿನ ಕಾಣುತ್ತವೆ. ಅದರಿಂದಲೇ ಆ ರೈಲು ಹೊರಟದ್ದು 1944ರ ಮೇ 19ರಂದು ಎಂಬುದು ಪತ್ತೆಯಾಯಿತು. ಬಾಗಿಲ ಸಂದಿಯಿಂದ ಹೊರಗೆ ನೋಡುವ ಹುಡುಗಿ ದಶಕಗಳ ಕಾಲ ಯಹೂದ್ಯರ ಸಂಕಟದ ಮುಖವಾಗಿದ್ದಳು. ಆಕೆ ರೋಮಾ ಜನರ ಒಂದು ಪಂಗಡವಾದ ಸಿಂತಿಗೆ ಸೇರಿದ ಸೆಟೆಲಾ ಸ್ಟೈನ್‌ಬಾಕ್ ಎಂದು 1994ರಲ್ಲಷ್ಟೇ ತಿಳಿಯಿತು. ಫರೋಕಿ ಅದೇ ದೃಶ್ಯಗಳನ್ನು ಮತ್ತೆ ತೋರಿಸಿ ಬೇರೆ ಫಲಕವಿಡುತ್ತಾರೆ: ಶಿಬಿರದ ದಕ್ಷತೆಯನ್ನು ಮೆರೆಸಲು ತೆಗೆದ ಕೆಲಸದ ದೃಶ್ಯ, ಸಾವಿನ ಶಿಬಿರಗಳಿಗೆ ಸಾಗಾಟವನ್ನು ತಪ್ಪಿಸಿಕೊಳ್ಳಲು ತಾವು ಉಪಯುಕ್ತರೆಂದು ತೋರಿಸುವ ಕೈದಿಗಳ ಹತಾಶ ಯತ್ನವಾಗಿಯೂ ಕಾಣತೊಡಗುತ್ತದೆ.

ಈ ಬಗೆಯ ಓದಿಗೆ ‘ಶೋವಾ’ದ ನಿಯಮದಲ್ಲಿ ಜಾಗವಿರಲಿಲ್ಲ. ಆದರೂ ನಾಜಿಗಳು ಯಹೂದ್ಯರನ್ನು ಕೂಡಿಹಾಕಿದ್ದ ತೆರೆಜಿನ್ ಘೆಟ್ಟೋದ ಯಹೂದ್ಯ ಮುಖಂಡ ಬೆಂಜಮಿನ್ ಮುರ್ಮೆಲ್‌ಸ್ಟೈನ್ ಕುರಿತ 2013ರ ಚಿತ್ರದಲ್ಲಿ, ಆ ಘೆಟ್ಟೋವನ್ನು ಸುಖದ ಊರೆಂಬಂತೆ ತೋರಿಸಿದ ನಾಜಿ ಪ್ರಚಾರಚಿತ್ರದ ತುಣುಕುಗಳನ್ನು ಸ್ವತಃ ಲಾಂಝ್‌ಮನ್ ಬಳಸಿದರು, ಅವು ನಾಜಿಗಳ ನಾಟಕವೆಂದು ತೆರೆಯ ಮೇಲೆಯೇ ನಮೂದಿಸಿ.