ಈರಣ್ಣನ ದನಿ

ಚಿಂತಾಕಿಯ ನನ್ನ ತವರುಮನೆಯಲ್ಲಿ ರೇಡಿಯೋ ಇದ್ದದ್ದು ಪಡಸಾಲೆಯ ಗೂಡಿನಲ್ಲಿ. ಹೈದರಾಬಾದ್ ಸ್ಟೇಷನ್ ಹತ್ತಿರ. ಅದರ ತೆಲುಗು, ಉರ್ದು ಸ್ಪಷ್ಟವಾಗಿ ಕೇಳುತ್ತಿತ್ತು. ಗುಲಬರ್ಗಾ ಕೇಂದ್ರ ಶುರುವಾದದ್ದು 1966ರಲ್ಲಿ. ಬೆಂಗಳೂರು ಸಿಗುತ್ತಿದ್ದದ್ದು ರಾತ್ರಿಯಾದ ಮೇಲೆ, ಅದೂ ಗರಗರ ಸದ್ದಿನ ನಡುವೆ. ಆ ಸದ್ದಿನಲ್ಲಿ ಒಂದು ದಿನ ಈರಣ್ಣ ಮಾತಾಡಿದ. “ರೊಟ್ಟಿ ಹೊತ್ತಲತ್ತಾವ, ಯಾಕ್ ನಗ್ಲತ್ತಿ?” ಎಂದು ನನ್ನನ್ನು ಬೈಯುತ್ತಲೇ ಅವ್ವ ತಾನೂ ನಕ್ಕಳು.

ಈರಣ್ಣ ಎಂದರೆ ವೀರಣ್ಣ. ಶರಣರ ನಾಡಾದ ನಮ್ಮ ಕಡೆ ಓಣಿಗೊಬ್ಬ ಈರಣ್ಣ ಇರುತ್ತಾನೆ. ಹಾಗಾಗಿ ಅವನು ನಮ್ಮವನೇ ಎಂದು ನಂಬಿದ್ದೆ. ‘ಆಕಾಶವಾಣಿ ಈರಣ್ಣ’ ಎಂದು ಹೆಸರಾದವರು ಬೆಂಗಳೂರಿನ ಎ.ಎಸ್. ಮೂರ್ತಿ (1929-2012) ಎಂದು ತಿಳಿದದ್ದು ಎಷ್ಟೋ ವರ್ಷಗಳ ಮೇಲೆ. ಅವರ ತಂದೆ ಅ.ನ. ಸುಬ್ಬರಾಯರು 1919ರಲ್ಲಿ ‘ಕಲಾಮಂದಿರ’ವೆಂಬ ಚಿತ್ರಕಲಾ ಶಾಲೆ ತೆರೆದ ಕಲಾವಿದರು. ಬಣ್ಣದ ಮನೆಯಲ್ಲಿ ಹುಟ್ಟಿದವರು ಬಣ್ಣವೇ ಕಾಣದ ಪೆಟ್ಟಿಗೆಯೊಳಗಿಂದ ಹೆಸರು ಮಾಡಿದರು!

ಇದು ಸುಲಭದ ಕೆಲಸವಲ್ಲ. ರಂಗದ ಮೇಲೆ ಕಣ್ಣು ಅರಳಿಸಬಹುದು, ಮೋರೆ ಊದಿಸಬಹುದು, ಎಡವಿ ಬೀಳಬಹುದು. ರೇಡಿಯೋದಲ್ಲಿ ದನಿ ಒಂದೇ. ಎಲ್ಲಿ ಮಾತು ನುಂಗಬೇಕು, ಎಲ್ಲಿ ಅರೆಗಳಿಗೆ ಸುಮ್ಮನಿರಬೇಕು ಎಂಬುದರಲ್ಲೇ ಹಾಸ್ಯ ಹುಟ್ಟಬೇಕು. ಎದುರಿಗೆ ಕೂತವರ ನಗುವೂ ಕೇಳಿಸದು.

ನನಗೆ ಇನ್ನೊಂದು ಪರೀಕ್ಷೆಯಿತ್ತು. ಓದಲೆಂದು ದಕ್ಷಿಣದ ಒಂದು ಊರಿಗೆ ಹೋದಾಗ ನನ್ನ “ಬರ್ಲತ್ತೀನ್ರಿ” ಕೇಳಿ ಅಧ್ಯಾಪಕರೊಬ್ಬರು ಅಣಕಿಸಿದ್ದರು, ತರಗತಿಯೆಲ್ಲ ನಕ್ಕಿತ್ತು. ಅಂದಿನಿಂದ ಹಳ್ಳಿಯ ಮಾತಿನ ಹಾಸ್ಯ ಕೇಳಿದರೆ ನನಗೆ ಅನುಮಾನ. ಈರಣ್ಣನ ಹಾಸ್ಯವೂ ಅದೇ ಜಾತಿಯದೇ? ನನ್ನ ಕಿವಿಗೆ ಕೇಳಿದ ಮಟ್ಟಿಗೆ ಅಲ್ಲ. ಅಣಕಿಸುವವನು ಮೇಲೆ ನಿಂತು ಕೆಳಗೆ ನೋಡುತ್ತಾನೆ. ಈರಣ್ಣ ನಮ್ಮ ಕಟ್ಟೆಯ ಮೇಲೇ ಕೂತು ಮಾತಾಡುವವನಂತಿದ್ದ. ಅದಕ್ಕೇ ಅವನ ಮಾತಿಗೆ ನಾಚಿಕೆಯಿಲ್ಲದೆ ನಕ್ಕೆವು.

ಆದರೂ ಒಂದು ಮಾತು ಹೇಳಲೇಬೇಕು. ಆ ಕಾಲದ ಬಾನುಲಿ ಹಾಸ್ಯ ಒಟ್ಟಿನಲ್ಲಿ ಹೆಂಗಸರಿಗೆ ಸಾಲ ಉಳಿಸಿಕೊಂಡಿದೆ. ಸೀರೆಗೆ ಕಾಡುವ ಹೆಂಡತಿ, ಜಗಳಗಂಟಿ ಅತ್ತೆ, ಇವರನ್ನು ಎಷ್ಟು ಸಲ ಕೇಳಿಲ್ಲ ನಾವು! ಒಲೆಯ ಮುಂದೆ ಕೂತು ನಮ್ಮ ಮೇಲಿನ ಹಾಸ್ಯಕ್ಕೆ ನಾವೇ ನಗುತ್ತಿದ್ದೆವು. ಆ ನಗುವನ್ನು ಈಗ ನೆನೆದರೆ ಕಸಿವಿಸಿಯಾಗುತ್ತದೆ.

ಮೂರ್ತಿಯವರು ರೇಡಿಯೋಗೆ ನಿಲ್ಲಲಿಲ್ಲ. ಬೀದಿನಾಟಕ ಕಟ್ಟಿದರು. 1980ರಲ್ಲಿ ಶುರುವಾದ ಅವರ ‘ಅಭಿನಯ ತರಂಗ’ ಭಾನುವಾರದ ನಾಟಕಶಾಲೆ. ವಾರವೆಲ್ಲ ದುಡಿಯುವವರೂ ಬಂದು ಕಲಿಯಬಹುದು. ನಾಟಕಕಾರರ ಹೆಸರು ಪುಸ್ತಕದಲ್ಲಿ ಉಳಿಯುತ್ತದೆ. ಗಾಳಿಯಲ್ಲಿ ಆಡಿದ ಮಾತು ಕೇಳಿದವರ ನೆನಪು ಇರುವತನಕ ಮಾತ್ರ. ಆದ್ದರಿಂದಲೇ ಇಷ್ಟು ಬರೆದೆ.

ಅವರು ತೀರಿಕೊಂಡಾಗ ಪತ್ರಿಕೆಯ ಫೋಟೋ ಅವ್ವನಿಗೆ ತೋರಿಸಿದೆ. ಕನ್ನಡಕ ಏರಿಸಿ ಬಹಳ ಹೊತ್ತು ನೋಡಿದಳು. “ಇಂವಾ ಬ್ಯಾರೆ ಯಾರೋ. ಈರಣ್ಣಗ ಮಾರಿ ಎಲ್ಲದ?” ಎಂದಳು.